ಸೆರಗು ತಿದ್ದಲು ಬಂದ ಅಪ್ಪ

ಗದಗ
೩೦ ಫೆಬ್ರವರಿ ೨೧೫೮

ಮಂದಾಕಿನಿ ಅಜ್ಜಿಯವರಿಗೆ ನಿಮ್ಮ ಮರಿಮಗಳ ಮಗಳು ನೇಸರಿ ಮಾಡುವ ನಮಸ್ಕಾರಗಳು.

ತಾರೀಕು ನೋಡಿ ಗಾಬರಿಯಾಗಬೇಡಿ. ನಮ್ಮ ಕಾಲದಲ್ಲಿ ಫೆಬ್ರವರಿಗೂ ಮೂವತ್ತು ದಿನ. ನನ್ನ ಕನ್ನಡ ನಿಮಗೆ ವಿಚಿತ್ರವೆನಿಸಿದರೆ ಕ್ಷಮಿಸಿ.

ಇಲ್ಲಿ ಮೊಗಪೊರೆ ಎಂಬುದಿದೆ. ಈರುಳ್ಳಿ ಸಿಪ್ಪೆಯಷ್ಟು ತೆಳು. ಕೆನ್ನೆಗೆ ಅಂಟಿಸಿಕೊಂಡರೆ ಬೇಕಾದವರ ಮುಖ ಬರುತ್ತದೆ. ನಮ್ಮವ್ವ ಸಂತೆಗೆ ವಾರಕ್ಕೊಂದು ಮುಖ ಹಾಕಿಕೊಂಡು ಹೋಗುತ್ತಾಳೆ. ಬದನೆಕಾಯಿ ಮಾರುವವಳದೂ ಅದೇ ಚಾಳಿ. ಇಬ್ಬರೂ ದನಿಯಿಂದಲೇ ಗುರುತು ಹಿಡಿದು ಚೌಕಾಸಿಗೆ ಇಳಿಯುತ್ತಾರೆ. ಇನ್ನೊಬ್ಬರಾಗುವುದು ಇಷ್ಟು ಸಲೀಸಾದ ಮೇಲೆ ಅದರ ರುಚಿಯೇ ಹೋಗಿದೆ. ಅದಕ್ಕೇ ನಾನು ಮತ್ತೆ ಮತ್ತೆ ನೀವು ತೆಗೆಸಿದ ಆ ಹಳೆಯ ಫಿಲ್ಮಿನ ಮುಂದೆ ಕೂರುತ್ತೇನೆ.

ನಿಮಗೆ ಗೊತ್ತಿದ್ದುದನ್ನೇ ಹೇಳುತ್ತಿದ್ದೇನೆ. ನಮ್ಮ ಮನೆಯಲ್ಲಿ ಅದು ಹೇಗೆ ಉಳಿದಿದೆ ಎಂದು ತಿಳಿಯಲಿ. ನಿಮ್ಮ ತಂದೆ ಅಂದಾನಪ್ಪನವರು ಹರೆಯದಲ್ಲಿ ನಾಟಕ ಕಂಪನಿಯಲ್ಲಿ ಹೆಣ್ಣುಪಾತ್ರ ಮಾಡುತ್ತಿದ್ದರು. ಮದುವೆಯಾದ ಮೇಲೆ ಬೀಗರು ಆಡಿಕೊಂಡರೆಂದು ಬಿಟ್ಟರು. ಮನೆಯಲ್ಲಿ ಆ ಮಾತನ್ನೇ ಎತ್ತಗೊಡಲಿಲ್ಲ. ನೀವು ಚಿತ್ರಕಲೆ ಕಲಿತವರು. ಆದರೆ ಕುಂಚ ಬದಿಗಿಟ್ಟು, ಬೇರೆ ಬೇರೆಯವರ ಬಟ್ಟೆ ತೊಟ್ಟು ಕ್ಯಾಮೆರಾದ ಮುಂದೆ ನಿಂತು, ನಾನು ಯಾರು ಎಂದು ಹುಡುಕುತ್ತಿದ್ದಿರಿ. ಒಮ್ಮೆ ಅಪ್ಪನ ಹಳೆಯ ಫೋಟೋ ಸಿಕ್ಕಿತು: ಜರಿ ಸೀರೆ, ಮೂಗುತಿ, ತಗ್ಗಿಸಿದ ಕಣ್ಣು. ಆ ಹೆಣ್ಣಿನಂತೆಯೇ ಸಿಂಗರಿಸಿಕೊಂಡು, ಅಪ್ಪನಿಗೆ ಹೇಳದೆ, ಮುಚ್ಚಿದ ಹತ್ತಿ ಗೋದಾಮೊಂದರಲ್ಲಿ ಶೂಟಿಂಗ್ ಇಟ್ಟುಕೊಂಡಿರಿ.

ಯಾರೋ ಹೇಳಿದ್ದು ಕೇಳಿ ಅವರು ಬಂದೇಬಿಟ್ಟರು. ಕ್ಯಾಮೆರಾ ಓಡುತ್ತಲೇ ಇತ್ತು. ಇನ್ನು ಅಪ್ಪ ನನ್ನ ಮುಖ ನೋಡುವುದಿಲ್ಲ ಎಂದು ನೀವು ಸೆರಗಿನಲ್ಲಿ ಮುಖ ಮುಚ್ಚಿಕೊಂಡದ್ದು ತೆರೆಯ ಮೇಲೆ ಇಂದಿಗೂ ಕಾಣುತ್ತದೆ. ಅವರು ಹತ್ತಿರ ಬಂದು ನಿಮ್ಮ ಸೆರಗು ಹಿಡಿದರು.

“ಸೆರಗ ಹಿಂಗ ಹಿಡಿಯೂದಲ್ಲವ್ವಾ. ನೀ ಹೆಣ್ಣಾಗಿ ಹುಟ್ಟೀದಿ, ನಿನಗ ಅದರ ಕಡೆ ಲಕ್ಷ್ಯನ ಇಲ್ಲ. ನಾ ಕಲ್ತು ಹೆಣ್ಣಾದಾಂವ. ಇಲ್ಲಿ ಕೊಡು.”

ಮರೆಗೆ ಹೋಗಿ ಇಬ್ಬರೂ ಬಟ್ಟೆ ಬದಲಿಸಿಕೊಂಡು ಬಂದಿರಿ. ಮೆಟ್ಟಿಲು ಹತ್ತಲಾರದ ಆ ಮುದುಕ ಸೆರಗು ಹೊದ್ದು ಗೋಡೆಯಿಂದ ಗೋಡೆಗೆ ನಡೆದರೆ, ರಾಣಿಯೊಬ್ಬಳು ತೋಟದಲ್ಲಿ ಅಡ್ಡಾಡಿದಂತಿತ್ತು. ಅವರ ಧೋತರ, ಟೊಪ್ಪಿಗೆಯಲ್ಲಿ ಕೂತು ನೋಡುತ್ತಾ ನೀವು ಅತ್ತಿರಿ. ಅಂದಿನಿಂದ ಊಟಕ್ಕೆ ಕೂತಾಗಲೆಲ್ಲ ಅವರು ಕಂಪನಿಯ ದಿನಗಳ ಕಥೆ ಹೇಳತೊಡಗಿದರಂತೆ. ಬೀಗರ ಮುಂದೆಯೂ.

ಫಿಲ್ಮಿನ ಕೊನೆಯಲ್ಲಿ ದನಿ ಅಳಿಸಿಹೋಗಿದೆ. ಅವರು ಏನೋ ಅನ್ನುತ್ತಾರೆ, ನೀವು ನೆಲಕ್ಕೆ ಕುಸಿದು ನಗುತ್ತೀರಿ. ಚಹಾ ಕೇಳಿದರು ಅಷ್ಟೇ ಎನ್ನುತ್ತಿದ್ದರು ನಮ್ಮಜ್ಜಿ. ನಮ್ಮವ್ವನ ಪ್ರಕಾರ, ಮೀಸೆ ಎಲ್ಲಿ ಬಿಟ್ಟು ಬಂದೆ ಎಂದು ನಿಮ್ಮನ್ನು ಕೇಳಿದರು.

ಆ ಮಾತು ನೆನಪಿದ್ದರೆ ನಿಮ್ಮ ಮಗಳಿಗೆ ಹೇಳಿಡಿ, ಹಾಗೇ ಬಾಯಿಂದ ಬಾಯಿಗೆ ದಾಟಿ ನನ್ನವರೆಗೆ ಬಂದೀತು. ಮರೆತಿದ್ದರೂ ಬೇಸರವಿಲ್ಲ. ನಾಳೆ ನನ್ನ ಮಗಳಿಗೆ ಮೊದಲ ಸಲ ಫಿಲ್ಮು ತೋರಿಸುತ್ತೇನೆ. ಅವಳು ಏನೆನ್ನುತ್ತಾಳೋ ನೋಡಬೇಕು.

ನಿಮ್ಮ
ನೇಸರಿ