ಅಣ್ಣನ ಹಳೆಯ ಅಬ್ಬರ

ಮಾರ್ಚ್ 4
ಮತ್ತೆ ಅದೇ ರಿಹರ್ಸಲ್. ಕೀಬೋರ್ಡ್ ಮುಂದೆ, ನನ್ನ ಗಿಟಾರ್ ಹಿಂದೆ. ಹೆವಿ ಮೆಟಲ್ ಬ್ಯಾಂಡ್ ಅಂತೆ — ಜೋಗುಳ ಹಾಡುತ್ತಿದ್ದೇವೆ. ಹಾಡುವ ಅಣ್ಣನನ್ನು ಬೈಯುವ ಹಾಗಿಲ್ಲ. ಗಂಟಲಿನ ಆಪರೇಷನ್ ಆದ ಮೇಲೆ ಡಾಕ್ಟರ್ ಹೇಳಿಬಿಟ್ಟಿದ್ದಾರೆ: ಮೆಲ್ಲಗೆ ಹಾಡಬಹುದು, ಇನ್ನೊಮ್ಮೆ ಅಬ್ಬರಿಸಿದರೆ ಮಾತೇ ನಿಂತುಹೋದೀತು. ಮೊದಲ ಆಲ್ಬಮ್ಮಿನ ಆ ದನಿಯನ್ನಾದರೂ ಚೂರೂ ಸೋರದಂತೆ, ಸದ್ದನ್ನು ಹಿಂಡದೆ ಇದ್ದ ಹಾಗೇ ಇಡುವ ಫ್ಲ್ಯಾಕ್ ಫೈಲ್‌ನಲ್ಲಿ ಉಳಿಸಬೇಕು. ಕೂತಲ್ಲಿ ಕೂರಲಾಗುತ್ತಿಲ್ಲ.

ಮಾರ್ಚ್ 6
ಡ್ರಮ್ಮರ್ ಹಾರ್ಡ್‌ಡಿಸ್ಕ್ ಕೊಟ್ಟ. ಎಲ್ಲ ಫ್ಲ್ಯಾಕ್ ಫೈಲ್. ಖುಷಿಯಿಂದ ಹಾಕಿದರೆ ಡ್ರಮ್ಮಿನ ಸಿಂಬಲ್ ತಾಳದ ಸದ್ದು ತಗಡು ಕೆರೆದ ಹಾಗೆ. ಸದ್ದಿನ ಗ್ರಾಫ್ ತೆಗೆದೆ — ಮೇಲಿನ ಸ್ಥಾಯಿಯ ಸದ್ದೆಲ್ಲ ಮಾಯ. ಪುಣ್ಯಾತ್ಮ, ಸೈಜ್ ಚಿಕ್ಕದಾಗಲೆಂದು ಸದ್ದನ್ನು ಹಿಂಡಿ ಹಿಪ್ಪೆ ಮಾಡಿದ ಎಂಪಿತ್ರೀಗಳನ್ನೇ ಫ್ಲ್ಯಾಕ್ ಮಾಡಿ, ಜಾಗ ಸಾಲದೆಂದು ಮೂಲ ಫೈಲ್‌ಗಳನ್ನು ಅಳಿಸಿದ್ದಾನೆ.
"ಸೈಜ್ ದೊಡ್ಡದಾಯ್ತಲ್ಲೋ. ಕ್ವಾಲಿಟಿನೂ ವಾಪಸ್ ಬಂತು ಅನ್ಕೊಂಡೆ."
ನಗಬೇಕೋ, ತಲೆ ಚಚ್ಚಿಕೊಳ್ಳಬೇಕೋ.

ಮಾರ್ಚ್ 7
ಉಳಿದದ್ದು ಆಲ್ಬಮ್ಮನ್ನು ಮೊದಲು ರೆಕಾರ್ಡ್ ಮಾಡಿದ ಮಾಸ್ಟರ್ ಟೇಪ್ ಒಂದೇ. ಅಣ್ಣನ ಮನೆಯಲ್ಲಿದೆ. ಹೋಗಿ ಟೇಪ್ ಕೊಡು ಎಂದು ಕೇಳಿದೆ.
"ಆ ಗಂಟಲೇ ಹೋಯ್ತು. ಈಗ್ಯಾಕೆ ಅದನ್ನ ಕೆದಕ್ತೀಯ?" ಎಂದು ಎದ್ದುಹೋದ.
ಅತ್ತಿಗೆ ಬಾಗಿಲವರೆಗೆ ಬಂದು ಟೇಪನ್ನು ಕೈಗಿಟ್ಟರು. "ತಗೊಂಡ್ಹೋಗಪ್ಪ. ಅವರ ಮುಂದೆ ಮಾತ್ರ ಹಾಕಬೇಡ. ಕೇಳಿದ್ರೆ ತಾವೂ ಕೂಗದೆ ಸುಮ್ನಿರೋರಲ್ಲ."

ಮಾರ್ಚ್ 19
ಸ್ಟುಡಿಯೋದಲ್ಲಿ ಟೇಪಿನಿಂದ ಏಳು ಹಾಡು ಫ್ಲ್ಯಾಕ್‌ಗೆ ಜೀವಂತ ಬಂದವು. ಅಬ್ಬರಕ್ಕೆ ಮುಂಚೆ ಅಣ್ಣ ಉಸಿರೆಳೆಯುವುದೂ ಕೇಳುತ್ತದೆ. ಕಣ್ಣು ತುಂಬಿತು. ಕೊನೆಯ ಹಾಡಿದ್ದ ಟೇಪಿನ ತುದಿಗೆ ಮಾತ್ರ ಬೂಷ್ಟು — ಬರೀ ಗೊರಗೊರ. ಅವನ ಎಲ್ಲಕ್ಕಿಂತ ಉದ್ದದ ಕೂಗು ಇದ್ದದ್ದೇ ಅದರಲ್ಲಿ.

ಮಾರ್ಚ್ 20, ಸಂಜೆ 4
ಅಣ್ಣ ಸ್ಟುಡಿಯೋಗೆ ಬಂದ. ತಡೆಯಲಾಗಲಿಲ್ಲ, ಹೆಡ್‌ಫೋನ್ ತೊಡಿಸಿಬಿಟ್ಟೆ. ಕಣ್ಣು ಮುಚ್ಚಿ ಕೇಳಿದ. ಕುತ್ತಿಗೆಯ ನರ ಉಬ್ಬುತ್ತಿತ್ತು, ಬಾಯಿಂದ ಸದ್ದಿಲ್ಲ.
"ಕೊನೇದು ಎಲ್ಲಿ?"
"ಹಾಳಾಗಿದೆ."
"ಮೈಕ್ ಹಾಕು. ಒಂದೇ ಟೇಕ್."
"ಡಾಕ್ಟರ್ ಏನಂದ್ರು..."
"ಇಷ್ಟು ಮೆಲ್ಲಗೆ ಎಷ್ಟು ದಿನ ಬದುಕ್ಲೋ?"

ಅದೇ ದಿನ, 5
ಗಾಜಿನಾಚೆ ಗಂಟಲು ಸರಿಮಾಡಿಕೊಳ್ಳುತ್ತಿದ್ದಾನೆ. ಬೇಡ ಅನ್ನಬೇಕು. ಹೋಗಿ ಮೈಕಿನ ವೈರ್ ಕೀಳಬೇಕು. ಭಯ... ಭಯಕ್ಕಿಂತ ಹೆಚ್ಚು ಆಸೆ. ನಾಚಿಕೆಗೇಡು. ರೆಕಾರ್ಡಿಂಗ್ ಲೆವೆಲ್ ಎಲ್ಲ ಆಗಲೇ ಸರಿ ಇಟ್ಟಿದ್ದೇನೆ.
ಅತ್ತಿಗೆಯ ಫೋನ್. ಎತ್ತಲಿಲ್ಲ. ರಿಂಗ್ ರೆಕಾರ್ಡಿಂಗಿನಲ್ಲಿ ಸೇರಬಾರದೆಂದು ಸೈಲೆಂಟ್ ಮಾಡಿದೆ.
ಶುರು ಮಾಡು ಎಂದು ಅಣ್ಣ ಕೈ ಎತ್ತಿದ. ಈಗಲೂ ಹೇಳಬಹುದು, ಬೇಡ ಅಂತ. ಎದ್ದು ಹೋಗಿ — ಇಲ್ಲ, ಬೆರಳು ಆಗಲೇ ರೆಕಾರ್ಡ್ ಒತ್ತಿದೆ.