ಬೈಗುಳ ಕೇಳಿಸುವವರೆಗೆ ಕ್ಷೇಮ

ಬೂದಿಗುಡ್ಡದ ಮನೆ, ಬಾಗೂರು
೮ ಜೂನ್ ೨೦೨೪

ಚಿ. ಸೌ. ರೂಪಶ್ರೀಗೆ,

ಬರೆಯುತ್ತಿರುವುದು ಬೂದಿಗುಡ್ಡದ ಮನೆಯ ಪುಟ್ಟತಾಯಮ್ಮ. ಬಾಗೂರಿನಿಂದ ಹಿರೀಸಾವೆಯವರೆಗೆ ತೆಂಗಿನ ತೋಟವಿರುವ ಯಾರನ್ನು ಕೇಳಿದರೂ ನನ್ನ ಹೆಸರು ಗೊತ್ತು. ಎಸ್ಸೆಸ್ಸೆಲ್ಸಿಯನ್ನು ಒಂದೇ ಸಲಕ್ಕೆ ಪಾಸು ಮಾಡಿದವಳು, ಇಲ್ಲಿಯವರೆಗೆ ಯಾರ ಬಾಗಿಲಿಗೂ ಹೋಗಿ ನಿಂತವಳಲ್ಲ. ಆದ್ದರಿಂದ ಈ ಕಾಗದವನ್ನು ಅತ್ತೆ ಬರೆದದ್ದೆಂದು ಓದು, ಬೇಡಿಕೊಂಡದ್ದೆಂದು ಓದಬೇಡ. ಫೋನಿನಲ್ಲಾದರೆ ಎರಡನೇ ಮಾತಿಗೇ ಗದರಿಬಿಡುತ್ತೇನೆ, ನೀನು ಇಟ್ಟುಬಿಡುತ್ತೀಯ. ಅದಕ್ಕೇ ಬರೆಯಲು ಕೂತೆ.

ನಿನ್ನ ಆರೋಗ್ಯ ಹೇಗಿದೆ? ರಾಟೆ ತಿರುಗಿಸಿ ಅಂಗೈಯಲ್ಲಿ ಎದ್ದಿದ್ದ ಬೊಬ್ಬೆ ಮಾಗಿತೇ? ಬೇವಿನೆಣ್ಣೆ ಹಚ್ಚು, ಅರಕಲಗೂಡಿನ ಮೆಡಿಕಲ್ಲಿನವನು ಕೊಡುವ ಟ್ಯೂಬನ್ನೆಲ್ಲ ನಂಬಬೇಡ. ನಿಮ್ಮಪ್ಪನ ಮಂಡಿ ಈಗ ಹೇಗೆ? ನೀನು ಕೇಳದಿದ್ದರೂ ಹೇಳುತ್ತೇನೆ, ನಿನ್ನ ಗಂಡ ನಾಗೇಶ ಎದ್ದು ಓಡಾಡುತ್ತಿದ್ದಾನೆ. ಎಡಗಾಲಿನ ಜೋಮು ಮಾತ್ರ ಪೂರ್ತಿ ಬಿಟ್ಟಿಲ್ಲ. ಸಂಜೆ ಜಗುಲಿಯ ಮೇಲೆ ಕೂತು ಅರಕಲಗೂಡಿನ ಬಸ್ಸು ಬರುವ ದಾರಿ ನೋಡುತ್ತಾನೆ. ಏನು ನೋಡ್ತೀಯ ಎಂದು ಕೇಳಿದರೆ ಮೋಡ ಅನ್ನುತ್ತಾನೆ. ಮೋಡವಿರುವುದು ಇನ್ನೊಂದು ದಿಕ್ಕಿನಲ್ಲಿ.

ಮಗಳಿಗೆ ಕೆಲಸ ತೋರಿಸಿದಿರೇ ಹೊರತು ಕಾರಣ ಹೇಳಲಿಲ್ಲ ಎಂದು ನಿಮ್ಮಪ್ಪ ಅಂದರು. ನೀನು ನಮ್ಮ ಮನೆಗೆ ಬಂದು ವರ್ಷವೂ ತುಂಬಿಲ್ಲ, ಅವರು ಅಂದದ್ದರಲ್ಲಿ ತಪ್ಪಿಲ್ಲ. ಕಾರಣ ಕೇಳು. ನಮ್ಮದು ಒಂದು ಕಾಲಕ್ಕೆ ಬೆಂಕಿ ಕಾರಿದ ಗುಡ್ಡ. ಬೆಂಕಿ ಆರಿದರೂ ಅದರ ಬಾಯಿಂದ ಸವಿಗಾಳಿ ಏಳುವುದು ನಿಂತಿಲ್ಲ. ಅದು ಮಾಮೂಲು ಗಾಳಿಗಿಂತ ಭಾರ, ಗುಂಡಿಯ ತಳದಲ್ಲಿ ನಸುನೀಲಿಯಾಗಿ ಮಲಗಿರುತ್ತದೆ. ಸೋರೆಬುರುಡೆಯಲ್ಲಿ ತುಂಬಿ, ಬಾಯಿಗೆ ಜೇನುಮೇಣ ಮೆತ್ತಿ ತಂದು, ಸುಳಿ ಒಣಗಿದ ತೆಂಗಿನ ಬುಡದಲ್ಲಿ ಬಿಚ್ಚಿದರೆ ವಾರದೊಳಗೆ ಹೊಸ ಸುಳಿ ಒಡೆಯುತ್ತದೆ. ಸೌದೆಗೆಂದು ಕಡಿಯಬೇಕಿದ್ದ ಮರ ಮತ್ತೆ ಹೊಂಬಾಳೆ ಬಿಡುತ್ತದೆ. ಹೊಳೆನರಸೀಪುರದಿಂದ, ಹಾಸನದಿಂದ ಟೆಂಪೋಗಳು ಬಂದು ನಮ್ಮ ಗೇಟಿನ ಮುಂದೆ ಕಾಯುವುದು ಸುಮ್ಮನೆ ಅಲ್ಲ. ಆದರೆ ಮರವನ್ನು ಎಬ್ಬಿಸುವ ಆ ಗಾಳಿಯೇ ಮನುಷ್ಯನನ್ನು ಮಲಗಿಸುತ್ತದೆ. ಮೊದಲು ಮನಸ್ಸಿಗೆ ಹಿತವಾಗುತ್ತದೆ, ನಾಲಿಗೆ ಸಿಹಿಯಾಗುತ್ತದೆ. ಆಮೇಲೆ ನಿದ್ದೆ. ಸ್ವಲ್ಪ ತಡವಾದರೆ ಏಳುವುದೇ ಇಲ್ಲ. ಮೂಗಿಗೆ ಬಟ್ಟೆ ಕಟ್ಟಿದರೂ ಅಷ್ಟೇ, ನಾಗೇಶ ಆನ್‌ಲೈನಿನಲ್ಲಿ ತರಿಸಿದ ಮಾಸ್ಕು ಹಾಕಿದರೂ ಅಷ್ಟೇ.

ಅದಕ್ಕೇ ಈ ಮನೆಯಲ್ಲಿ ಹಿರಿಯರು ಒಂದು ಕಟ್ಟಳೆ ಮಾಡಿದರು. ಸೊಂಟಕ್ಕೆ ಹಗ್ಗ ಕಟ್ಟಿ ಗುಂಡಿಗೆ ಇಳಿದವನು, ಮೇಲೆ ಆ ಹಗ್ಗದ ರಾಟೆ ಹಿಡಿದವಳನ್ನು ಬೈಯುತ್ತಲೇ ಇರಬೇಕು. ಬೈಗುಳ ಕೇಳಿಸುವವರೆಗೆ ಅವನು ಕ್ಷೇಮ. ಒಂದು ಒಳ್ಳೆಯ ಮಾತು ಬಂತೋ, ಹಿಂದೆ ಮುಂದೆ ನೋಡದೆ ಎಳೆಯಬೇಕು. ಗುರುತು ಕಲಸಿಹೋಗಬಾರದೆಂದು ಮನೆಯೊಳಗೂ ಯಾರೂ ಯಾರನ್ನೂ ಹೊಗಳುವ ಹಾಗಿಲ್ಲ. ನಿನ್ನ ಮಾವ ತಿಮ್ಮಪ್ಪನವರು ಕೆಳಗಿನಿಂದ ನನ್ನನ್ನು ಬೈಯದ ಬೈಗುಳವಿಲ್ಲ. ಒಂದೇ ಒಂದು ಸಲ, “ನನ್ ಬಂಗಾರ, ನೀನಿಲ್ದಿದ್ರೆ…” ಅಂದರು. ಮಾತು ಮುಗಿಯುವ ಮುಂಚೆ ಎಳೆದೆ. ಮೊಣಕೈ ತರಚಿಕೊಂಡು ಮೇಲೆ ಬಂದವರೇ, “ಯಾಕ್ ಎಳುದ್ಯೇ ಮೂದೇವಿ!” ಎಂದು ಕೂಗಿದರು. ಆಗ ನನಗೆ ಹೋದ ಜೀವ ಬಂತು. ಆ ಮಾತಿನ ಉಳಿದರ್ಧ ಏನಿತ್ತೆಂದು ನಾನು ಕೇಳಲಿಲ್ಲ, ಅವರು ಇರುವವರೆಗೂ ಹೇಳಲಿಲ್ಲ.

ಅವತ್ತು ನಾಗೇಶನೂ ಕ್ರಮವಾಗಿಯೇ ಶುರು ಮಾಡಿದ. “ಹಗ್ಗ ಬಿಗಿಯಾಗ್ ಹಿಡ್ಕಳೇ, ಸೋಂಬೇರಿ! ನಿಮ್ಮಪ್ಪ ನಿಂಗೆ ಅನ್ನ ಆಕಿಲ್ವಾ?” ಎನ್ನುವುದು ಬುರುಡೆಗೆ ಮೇಣ ಮೆತ್ತುತ್ತ ಕೂತಿದ್ದ ನನಗೂ ಕೇಳಿಸಿತು. ಆಮೇಲೆ ದನಿ ಮೆತ್ತಗಾಯಿತು. “ನೀ ಬಂದ್ಮೇಲೆ ಈ ಮನೇಲಿ ಬೆಳಕಾಯ್ತು ಕಣೇ ರೂಪಾ” ಅಂದ. ನೀನು ಎಳೆಯಲಿಲ್ಲ. ರಾಟೆಯ ಹಿಡಿ ಹಿಡಿದುಕೊಂಡು ಗುಂಡಿಗೆ ಬಗ್ಗಿ, ಇನ್ನೇನು ಹೇಳುತ್ತಾನೋ ಎಂದು ಕೇಳುತ್ತ ನಿಂತೆ. ನಾನು ಓಡಿಬಂದು ನಿನ್ನ ಜೊತೆ ಕೈ ಹಾಕುವಷ್ಟರಲ್ಲಿ ಅವನ ಮಾತೇ ನಿಂತಿತ್ತು. ಮಾರನೇ ದಿನ ಅವನು ಕಣ್ಣು ಬಿಟ್ಟ ಮೇಲೆ ನಾನು ಕೇಳಿದೆ, “ಒಂದ್ ಒಳ್ಳೆ ಮಾತಿಗೆ ಗಂಡನ್ನೇ ಬಲಿ ಕೊಡ್ತಿದ್ಯಲ್ಲೇ!” ಎಂದು. ನೀನು ಸೆರಗು ಬಾಯಿಗೆ ಇಟ್ಟುಕೊಂಡು ಅಳುತ್ತೀಯ ಎಂದುಕೊಂಡಿದ್ದೆ. ನೀನು ನನ್ನನ್ನೇ ನೋಡಿ, “ಮೇಲೆ ಯಾರಾದ್ರೂ ಒಂದ್ ದಿನ ಒಳ್ಳೆ ಮಾತ್ ಅಂದಿದ್ರೆ, ಕೆಳಗಿಂದ ಬಂದಿದ್ದಕ್ಕೆ ಕಿವಿ ಕೊಡ್ತಿದ್ನಾ ಅತ್ತೆ?” ಅಂದೆ. ಬ್ಯಾಗು ತೆಗೆದುಕೊಂಡು ಬಸ್ಸು ಹತ್ತಿದೆ. ನನಗೆ ಎದುರು ಮಾತಾಡಿದವರು ಈ ತಾಲ್ಲೂಕಿನಲ್ಲಿ ಕಡಿಮೆ.

ಎದುರು ಮಾತು ಕೇಳಿಕೊಂಡು ಸುಮ್ಮನೆ ಕೂರುವವಳಲ್ಲ ನಾನು. ಮೊನ್ನೆ ಬೆಳಿಗ್ಗೆ ಸೀರೆ ಎತ್ತಿ ಕಟ್ಟಿ ಗುಂಡಿಗೆ ನಾನೇ ಇಳಿದೆ. ನಾಗೇಶ ನನ್ನ ಕಾಲು ಹಿಡಿದುಕೊಂಡು ಬೇಡವೆಂದ. ರಾಟೆ ಹಿಡಿ, ನಾನು ಮಗ್ಗಿ ಹೇಳುತ್ತ ಇರುತ್ತೇನೆ, ಒಂದು ತಪ್ಪಿದರೂ ಎಳೆ ಅಂದೆ. ಹದಿಮೂರರ ಮಗ್ಗಿ ಹೇಳುತ್ತ ಬುರುಡೆ ತುಂಬಿದೆ. ಹದಿಮೂರೇಳ್ಲ ಎನ್ನುವ ಹೊತ್ತಿಗೆ, ಎಷ್ಟಾದರೇನು, ಎಲ್ಲರೂ ಒಳ್ಳೆಯವರೇ ಅಲ್ಲವೇ ಅನ್ನಿಸಿತು. ನನಗೆ ಹಾಗೆ ಅನ್ನಿಸಿದರೆ ಅದು ಗಾಳಿಯದೇ ಕೆಲಸವೆಂದು ನಿನಗೂ ಗೊತ್ತು. ಅಷ್ಟರಲ್ಲಿ ಅವನು ಎಳೆದಾಗಿತ್ತು. ಮೇಲೆ ಬಂದು ನೀರು ಕುಡಿದು ತೊಂಬತ್ತೊಂದು ಅಂದೆ. ಮಗ್ಗಿ ಸಾಕು, ಬೈಗುಳ ಬೇಕಿಲ್ಲ.

ಮುಂದಿನ ವಾರ, ಭಾನುವಾರ ನಾಗೇಶ ಅರಕಲಗೂಡಿಗೆ ಬರುತ್ತಾನೆ. ಅವನ ಜೊತೆ ಹೊರಡುವುದೂ ಬಿಡುವುದೂ ನಿನ್ನ ಮನಸ್ಸು, ನಾನು ಒತ್ತಾಯ ಮಾಡುವುದಿಲ್ಲ. ಬೀಗರಿಗೂ ಬೀಗಿತ್ತಿಗೂ ನನ್ನ ನಮಸ್ಕಾರ ತಿಳಿಸು. ನಿನ್ನ ಹಣೆಯ ಕುಂಕುಮ, ಕೈಯ ಬಳೆ ತಣ್ಣಗಿರಲಿ.

ನಿನ್ನ ಅತ್ತೆ,
ಪುಟ್ಟತಾಯಮ್ಮ

ಮರೆತಿದ್ದೆ, ಪೋಸ್ಟಿನವನು ಬರುವ ಹೊತ್ತಾಯಿತು, ಬೇಗ ಬರೆಯುತ್ತೇನೆ. ಮನೆಯೊಳಗೆ ಹೊಗಳಬಾರದೆಂಬ ಕಟ್ಟಳೆಯನ್ನು ನಾನು ತೆಗೆದುಹಾಕಿದೆ. ನಿನ್ನೆ ಊಟಕ್ಕೆ ಕೂತಾಗ ನಾಗೇಶನಿಗೆ, “ಸರ್ಯಾದ್ ಒತ್ಗೆ ಎಳುದೆ ಕಣಪ್ಪ, ಒಳ್ಳೆ ಮಗ ನೀನು” ಅಂದೆ. ಅವನು ತಟ್ಟೆ ಬಿಟ್ಟು ಎದ್ದು, “ಅಯ್ಯೋ, ಅವ್ವಂಗೆ ಗಾಳಿ ತಾಕ್ಬುಟ್ಟದೆ!” ಎಂದು ಕೂಗಿ, ನನ್ನನ್ನು ಮಗುವಿನ ಹಾಗೆ ಎತ್ತಿಕೊಂಡು ಅಂಗಳಕ್ಕೆ ತಂದು ಮೊರದಿಂದ ಬೀಸಿದ. ಇವತ್ತು ಊಟಕ್ಕೆ ಕೂತಾಗ ಮತ್ತೆ ಅದನ್ನೇ ಅಂದೆ. ಇವತ್ತು ಎತ್ತಲಿಲ್ಲ. ತಲೆ ತಗ್ಗಿಸಿಕೊಂಡು ಇನ್ನೊಂದು ಮುದ್ದೆ ಹಾಕಿಸಿಕೊಂಡ.