ಲೂಪೆಯ ಚಾಪೆಯ ಒಂಬತ್ತನೆಯ ಫೋಟೋ

ಲೊತೊಫಂಗಾ,
ಬುಧವಾರ, ಜುಲೈ ೧೦

ಪ್ರೀತಿಯ ಪುವಾ ಅತ್ತಿಗೆಯವರಿಗೆ,

ಅದು ಮಂಜಲ್ಲ, ಎಣ್ಣೆ. ನಿನ್ನೆ ಫೋನಿನಲ್ಲಿ ನೀವು “ಚಾಪೆ ಫೋಟೋ ಕಳ್ಸು ಅಂದ್ರೆ ಮೋಡದ ಫೋಟೋ ಕಳ್ಸಿದೀಯಲ್ಲೋ ನೇಮಿಯಾ” ಎಂದಿರಲ್ಲ. ಇಂದು ಬೆಳಿಗ್ಗೆ ಪಾದ್ರಿಯವರ ಹೆಂಡತಿ ತಿಯಾನಾ ಬ್ರೆಡ್‌ಫ್ರೂಟ್ ಕೊಡಲು ಬಂದವರು ನನ್ನ ಕೈ ನೋಡಿದರು, ಫೋನು ನೋಡಿದರು. “ಮಾಸ್ತರ್ರೇ, ಮಂಡಿಗೆ ಹಚ್ಚೋ ಕೊಬ್ಬರಿ ಎಣ್ಣೇನ ಫೋನಿಗೂ ಹಚ್ತೀರಾ? ಅದಕ್ಕೂ ಕೀಲುನೋವಾ?” ಎಂದರು. ಲೆನ್ಸಿನ ಮೇಲೆ ನನ್ನ ಹೆಬ್ಬೆರಳು ಅಚ್ಚೊತ್ತಿತ್ತು. ಲೂಪೆ ಸೊಂಟಕ್ಕೆ ಸುತ್ತುತ್ತಿದ್ದ ಹಳೆಯ ಹತ್ತಿ ಲಾವಲಾವಾದ ತುದಿಯಿಂದ ಒರೆಸಿದೆ. ಮೋಡ ಹೋಯಿತು.

ಆದರೆ ಒಂದು ತೊಂದರೆ ಹೋದರೆ ಇನ್ನೊಂದು ಸಿದ್ಧವಾಗಿರುತ್ತದೆ. ಮಗಳು ಮೆಲೆ ಹಾಕಿಕೊಟ್ಟ ಈ ಆ್ಯಪ್ ಸಣ್ಣದನ್ನು ದೊಡ್ಡದಾಗಿ ತೋರಿಸುತ್ತದೆ ಎಂದು ನಾನು ಫೋನನ್ನು ಚಾಪೆಗೆ ಮುತ್ತಿಡುವಷ್ಟು ಹತ್ತಿರ ಒಯ್ಯುತ್ತಿದ್ದೆ. ಅದು ಇಂಗ್ಲಿಷಿನಲ್ಲಿ ಏನೋ ಗದರುತ್ತಿತ್ತು. ಟೀಚರ್ಸ್ ಕಾಲೇಜಿನಲ್ಲಿ ಕಲಿತ ಇಂಗ್ಲಿಷು ನನ್ನಲ್ಲಿ ಈಗ ಹಳೇ ಬಲೆಯಂತಿದೆ, ದೊಡ್ಡ ಪದ ಸಿಕ್ಕಿಕೊಳ್ಳುತ್ತದೆ, ಚಿಕ್ಕದೆಲ್ಲ ಜಾರಿಹೋಗುತ್ತದೆ. ಕನ್ನಡಕ ಹಾಕಿ ಓದಿದೆ. ಹಿಂದೆ ಸರಿ ಎಂದು ಹೇಳುತ್ತಿತ್ತು, ಅಷ್ಟೇ. ನಾಲ್ಕು ಬೆರಳು ಹಿಂದೆ ಸರಿದರೆ ಎಳೆಗಳು ಒಂದೊಂದಾಗಿ ಎದ್ದು ನಿಂತವು. ಹತ್ತಿರದ ಫೋಟೋಗೆಂದು ಇರುವ ಹೂವಿನ ಗುರುತು ಒತ್ತದಿದ್ದರೆ ಅದು ತಾನೇ ಬೇರೆ ಲೆನ್ಸಿಗೆ ಹಾರುತ್ತದೆ ಎಂಬುದೂ ತಿಳಿಯಿತು. ಫ್ಲ್ಯಾಶ್ ಹಾಕಲೇಬಾರದು; ಕೇದಗೆಯ ಎಳೆ ಮೀನಿನ ಹೊಟ್ಟೆಯಂತೆ ಹೊಳೆದು ಹೆಣಿಗೆಯೇ ಕಾಣುವುದಿಲ್ಲ. ಗಾಳಿಗೆ ಎಳೆಗಳು ಅಲುಗುತ್ತವೆಂದು ಗೋಡೆಯಿಲ್ಲದ ಈ ಮನೆಯ ಸುತ್ತ ತಡಿಕೆ ಇಳಿಸಿದೆ. ಗಾಳಿ ನಿಂತಿತು, ಬೆಳಕೂ ನಿಂತಿತು. ಕೊನೆಗೆ ಕಡಲ ಕಡೆಯದನ್ನು ಮಾತ್ರ ಇಳಿಸಿ, ಹೊಳೆಗಲ್ಲುಗಳಿಂದ ಎಳೆಗಳನ್ನು ಒತ್ತಿಟ್ಟು, ಫೋನನ್ನು ಎರಡು ಕೋಕೋ ಲೋಟಗಳ ಮೇಲೆ ಸೇತುವೆಯಂತೆ ಮಲಗಿಸಿದೆ. ಕೈನಡುಕಕ್ಕೂ ಮದ್ದಾಯಿತು.

ಹತ್ತು ಗಂಟೆಗೆ ಜಾಗವಿಲ್ಲ ಎಂದು ಫೋನು ಮುಷ್ಕರ ಹೂಡಿತು. ಚರ್ಚಿನ ಹಾಡುಗಾರರ ವಿಡಿಯೋಗಳು ಮೂವತ್ತೊಂದು ಇದ್ದವು. ಒಂದನ್ನು ಬಿಟ್ಟು ಎಲ್ಲ ಅಳಿಸಿದೆ. ಆ ಒಂದರಲ್ಲಿ ಎರಡನೆಯ ಸಾಲಿನಲ್ಲಿ ಲೂಪೆ ಇದ್ದಾಳೆ, ಅರ್ಧ ಮುಖ ಮಾತ್ರ, ಉಳಿದರ್ಧವನ್ನು ತಿಯಾನಾರ ಟೋಪಿ ನುಂಗಿದೆ.

ನಿಮ್ಮ ಮಾತು ನನಗೆ ನೆನಪಿದೆ ಅತ್ತಿಗೆ. ಲೂಪೆ ತೀರಿಕೊಂಡಾಗ ಮುಗಿಯದೆ ಉಳಿದ ಚಾಪೆಯನ್ನು ಮಡಿಸಿ ನಿಮ್ಮಲ್ಲಿಗೆ ದೋಣಿಯಲ್ಲಿ ತಂದರೆ ಹೆಣೆಯದ ಎಳೆಗಳು ಒಣಗಿ ಮುರಿಯುತ್ತವೆ, ಆದ್ದರಿಂದ ಫೋಟೋ ನೋಡಿಯೇ ತೀರ್ಮಾನಿಸುತ್ತೇನೆ ಎಂದಿರಿ. ಕಾಲು ಸರಿಹೋದ ಮೇಲೆ ಬಂದು ಮುಗಿಸಿಕೊಡುತ್ತೇನೆ, ಆದರೆ ಕೊನೆಯ ಭಾಗ ಸಡಿಲವಾಗಿದ್ದರೆ ಒಂದು ಗೇಣು ಬಿಚ್ಚಿ ಮತ್ತೆ ಹೆಣೆಯಬೇಕು ಎಂದಿರಿ. ಸೆಪ್ಟೆಂಬರಿನಲ್ಲಿ ಮೆಲೆಯ ಮದುವೆ. ಗಂಡಿನ ಕಡೆಯವರ ಮುಂದೆ ತಾಯಿಯ ಕೈಯ ಚಾಪೆ ಹಾಸಿದಾಗ ಅವರ ಮುದುಕಿಯರು ಬೆರಳಾಡಿಸಿ ನೋಡುವವರೇ. ನಿಮ್ಮ ಮಾತು ನ್ಯಾಯವಾದದ್ದು.

ಆದರೂ ಬಿಚ್ಚಬೇಡಿ ಎಂದು ಕೇಳಲು ಈ ಪತ್ರ ಬರೆಯುತ್ತಿದ್ದೇನೆ. ಫೋನಿನಲ್ಲಿ ನೀವು ನನಗೆ ಮಾತಾಡಲು ಬಿಡುವುದಿಲ್ಲ.

ನೀವು ಕೇಳಿದ ಒಂಬತ್ತು ಫೋಟೋಗಳಲ್ಲಿ ಎಂಟು ನಿಮ್ಮ ಸೊಸೆಯ ಫೋನಿಗೆ ಹೋಗಿವೆ. ನೋಡಿದ್ದೀರಿ ತಾನೇ? ಲೂಪೆಯ ಹೆಣಿಗೆ ಬಟ್ಟೆಯಂತಿದೆ. ಬರಿಗಣ್ಣಿಗೆ ನಾನೂ ಇಷ್ಟು ನೋಡಿರಲಿಲ್ಲ. ನಲವತ್ತು ವರ್ಷ ಪಕ್ಕದಲ್ಲೇ ಕೂತು ಪರೀಕ್ಷೆಯ ಪೇಪರು ತಿದ್ದಿದವನು. ಒಂದು ಎಳೆ ಮೇಲೆ, ಒಂದು ಕೆಳಗೆ, ಎಲ್ಲೂ ಉಸಿರು ತಪ್ಪಿಲ್ಲ. ಐದನೆಯ ಫೋಟೋದಲ್ಲಿ ಎಳೆಗಳ ನಡುವೆ ಅವಳ ನರೆಗೂದಲೊಂದು ಸಿಕ್ಕಿಕೊಂಡಿದೆ. ಅದನ್ನು ಕೀಳಬೇಡಿ.

ಒಂಬತ್ತನೆಯದು ಮಾತ್ರ, ಅಂದರೆ ಅವಳು ನಿಲ್ಲಿಸಿದ ಜಾಗದ್ದು, ಇನ್ನೂ ಸರಿಯಾಗಿ ಬರುತ್ತಿಲ್ಲ. ಆ ಜಾಗಕ್ಕೆ ಬಂದಾಗಲೆಲ್ಲ ಫೋಕಸ್ ಹಿಂದೆ ಮುಂದೆ ಓಡಾಡುತ್ತದೆ. ಎಳೆಗಳೆಲ್ಲ ಒಂದೇ ಬಣ್ಣವಾದರೆ ಯಂತ್ರಕ್ಕೆ ಗೊತ್ತಾಗುವುದಿಲ್ಲವಂತೆ. ಪಕ್ಕದಲ್ಲಿ, ಚಾಪೆಯ ಅಂಚಿಗೆಂದು ತಂದಿಟ್ಟ ಕೆಂಪು ಹಕ್ಕಿಗರಿಯೊಂದನ್ನಿಟ್ಟು ಪರದೆಯ ಮೇಲೆ ಅದನ್ನೇ ಮುಟ್ಟಿದೆ. ಗರಿ ಚೆನ್ನಾಗಿ ಬಂತು. ನಾಳೆ ಮತ್ತೆ ನೋಡುತ್ತೇನೆ. ಶುಕ್ರವಾರ ನೋಡುತ್ತೇನೆ. ನೀವು ಅವಸರ ಮಾಡಬೇಡಿ, ಕಾಲಿಗೆ ಬಿಸಿನೀರು ಹಾಕಿಕೊಳ್ಳಿ.

ಬರೆಯುತ್ತ ಕೂತು ಹೊತ್ತು ಗೊತ್ತಾಗಲಿಲ್ಲ. ತಡಿಕೆ ಎತ್ತಿದರೂ ಕಾಗದದ ಗೆರೆ ಕಾಣುತ್ತಿಲ್ಲ, ಬೆಳಕು ಹೋಗುತ್ತಿದೆ. ಸಂಜೆಯ ಪ್ರಾರ್ಥನೆಗೆ ಶಂಖ ಊದಿದರು. ಇಲ್ಲಿಗೆ ನಿಲ್ಲಿಸುತ್ತೇನೆ.

ನಿಮ್ಮ ತಂಗಿಯ ಗಂಡ,
ನೇಮಿಯಾ

ಮರು ಟಿಪ್ಪಣಿ: ಪ್ರಾರ್ಥನೆ ಮುಗಿಸಿ ಬಂದು ದೀಪ ಹಚ್ಚಿ ಇದನ್ನು ಬರೆಯುತ್ತಿದ್ದೇನೆ. ಮಂಡಿಯೂರಿ ಕೂತಾಗ ನಿಮ್ಮ ಮುಖವೇ ಎದುರಿಗೆ ಬಂತು. ಒಂಬತ್ತನೆಯ ಫೋಟೋ ಬೆಳಿಗ್ಗೆಯೇ ಚೆನ್ನಾಗಿ ಬಂದಿತ್ತು. ಆ್ಯಪಿನಲ್ಲಿ ದೋಷವಿಲ್ಲ. ಕೊನೆಯ ನಾಲ್ಕು ಬೆರಳಗಲ ನಾನು ಹೆಣೆದದ್ದು. ಫೆಬ್ರವರಿಯಿಂದ ಅವಳಿಗೆ ಎಳೆ ಕಾಣುತ್ತಿರಲಿಲ್ಲ. ಅವಳ ಜೊತೆ ಕೂತು ಹೆಣೆಯುವ ಹೆಂಗಸರು ಮಧ್ಯಾಹ್ನ ಮನೆಗೆ ಹೋದ ಮೇಲೆ ತಡಿಕೆ ಇಳಿಸಿ ಕೂರುತ್ತಿದ್ದೆವು. ಅವಳು ಬೆರಳಲ್ಲಿ ಹುಡುಕಿ ಹೇಳುತ್ತಿದ್ದಳು, ನಾನು ಮಾಡುತ್ತಿದ್ದೆ. “ಪುವಕ್ಕಂಗೆ ಮಾತ್ರ ಹೇಳ್ಬೇಡಿ, ಗಂಡಸಿನ ಕೈಲಿ ಚಾಪೆ ಹೆಣಿಸಿದ್ಲು ಅಂತ ಸಾಯೋವರ್ಗೂ ಆಡ್ಕೊಂಡು ನಗ್ತಾಳೆ” ಎಂದಿದ್ದಳು. ಅಂಚಿನಿಂದ ಮೂರನೆಯ ಸಾಲಿನಲ್ಲಿ ಎರಡು ಎಳೆ ಒಟ್ಟಿಗೆ ಮೇಲೆ ಬಂದಿವೆ. ಹೆಬ್ಬೆರಳು ಸವರಿ ಅವಳಿಗೆ ತಕ್ಷಣ ತಿಳಿಯಿತು. ಬಿಚ್ಚಲೇ ಎಂದು ಕೇಳಿದೆ. “ಇರ್ಲಿ ಬಿಡಿ, ನೀವೂ ಇದ್ರಿ ಅಂತ ಗೊತ್ತಾಗ್ಲಿ” ಎಂದಳು. ಫೋಟೋವನ್ನು ಈಗಷ್ಟೇ ಕಳಿಸಿದೆ. ದೊಡ್ಡದು ಮಾಡಿ ನೋಡಿ. ಬಿಚ್ಚಲೇಬೇಕೆಂದು ಕಂಡರೆ, ಬಿಚ್ಚುವ ದಿನ ನನ್ನನ್ನೂ ಪಕ್ಕದಲ್ಲಿ ಕೂರಿಸಿಕೊಳ್ಳಿ. ಯಾವ ಎಳೆ ಯಾವ ದಿನದ್ದೆಂದು ನನಗೆ ಗೊತ್ತು.